ಟ್ಯಾಂಕರಿನ ಬಾಗಿನ

ತಿಂಥಣಿ
14 ಜುಲೈ 1998

ತಮ್ಮ ನಸೀರುದ್ದೀನನಿಗೆ ಆಪಾಳ ಸಲಾಂ.

ನಿನ್ನ ಕಾಗದ ಶನಿವಾರ ಬಂತು. ಅಮ್ಮಿಯ ಮೊಣಕಾಲು ನೋವಿನ ಬಗ್ಗೆ ಅರ್ಧ ಸಾಲು, ಹೊಸ ಆಂಪ್ಲಿಫೈಯರಿನ ಬಗ್ಗೆ ಒಂದೂವರೆ ಪುಟ. ಯಾದಗಿರಿಯ ನಮ್ಮ ಮನೆಯಲ್ಲಿ ಯಾರ ಆರೈಕೆ ಚೆನ್ನಾಗಿ ನಡೆದಿದೆ ಎಂದು ತಿಳಿಯಿತು.

ಎರಡು ವರ್ಷದ ಹಿಂದೆ ನೀನು ಆಟೋಕ್ಕೆ ಮೈಕು ಕಟ್ಟಿಕೊಂಡು ಸಿನಿಮಾ, ಸೀರೆ ಸೇಲು, ಎಲ್ಲ ಪಕ್ಷಗಳ ಸಭೆ, ಎಲ್ಲವನ್ನೂ ಒಂದೇ ಗಂಟಲಿನಲ್ಲಿ ಕೂಗುತ್ತಿದ್ದೆ. ಬಾಡಿಗೆ ಸಿಗದ ದಿನ ಸುಮ್ಮನೆ ಕೂರುವ ಬದಲು ಇದನ್ನಾದರೂ ಓದು ಎಂದು ನಾನು ಗೀಚಿಕೊಟ್ಟ ನಾಲ್ಕು ಸಾಲಿನ ‘ಉಲ್ಟಾ ವಾರ್ತೆ’ ಈಗ ಕ್ಯಾಸೆಟ್ಟಾಗಿ ಚಹಾ ಅಂಗಡಿಗಳಲ್ಲಿ ಕೂಗುತ್ತಿದೆ ಎಂದರೆ ನನಗೆ ಹೆಮ್ಮೆ. ಬಾಯಿಬಿಟ್ಟು ಹೇಳುತ್ತಿದ್ದೇನೆ, ತಲೆಗೆ ಏರಿಸಿಕೊಳ್ಳಬೇಡ.

ಈ ವಾರದ್ದು ಇಲ್ಲಿದೆ:

‘ಕಾಲುವೆಗೆ ನೀರು ಬಿಡಲಾಗಿದೆ. ನೀರು ಹೊರಟಿದೆ. ದಾರಿಯುದ್ದಕ್ಕೂ ಬೀಗರ ಮನೆಗಳು ಹೆಚ್ಚಿರುವುದರಿಂದ ಕೊನೆಯ ಊರಿಗೆ ತಲುಪುವುದು ತಡವಾಗಲಿದೆ ಎಂದು ಬಲ್ಲ ಮೂಲಗಳು ತಿಳಿಸಿವೆ. ಈ ನಡುವೆ ಕೊನೆಯ ಊರಿನ ತರುಣರು ಕಾಲುವೆಯ ತಳದಲ್ಲಿ ಕ್ರಿಕೆಟ್ ಪಂದ್ಯಾವಳಿ ಆರಂಭಿಸಿದ್ದು, ಮುಂದಿನ ಐದು ವರ್ಷಗಳ ವೇಳಾಪಟ್ಟಿಯನ್ನು ನಿರ್ಭಯವಾಗಿ ಪ್ರಕಟಿಸಿದ್ದಾರೆ. ಹವಾಮಾನ: ಬಿಸಿಲು. ನಾಳೆ: ಅದೇ ಬಿಸಿಲು.’

ಓದುವಾಗ ನಗಬೇಡ. ಓದುವವನೇ ನಕ್ಕರೆ ಕೇಳುವವರಿಗೆ ಏನು ಉಳಿಯುತ್ತದೆ? ರೇಡಿಯೋದವರ ಹಾಗೆ ಗಂಭೀರವಾಗಿ ಓದು. ಕಳೆದ ಸಲ ಯಾರದೋ ಹೊಟ್ಟೆಯ ಬಗ್ಗೆ ನೀನಾಗಿ ಸೇರಿಸಿದೆಯಂತೆ. ಹೊಟ್ಟೆ ಎಲ್ಲರಿಗೂ ಇದೆ, ಅದನ್ನು ಬಿಡು. ಅವರು ಆಡಿದ ಮಾತನ್ನು ಹಿಡಿ. ಇನ್ನು ನನ್ನ ಹೆಸರು ಎಲ್ಲೂ ಬರಬಾರದು ಎಂದು ಮತ್ತೆ ಹೇಳಬೇಕಿಲ್ಲ. ಸರ್ಕಾರದ ಶಾಲೆಯಲ್ಲಿ ಹನ್ನೆರಡು ವರ್ಷದ ನೌಕರಿ ನನ್ನದು. ಆ ಉಪ್ಪು ತಿಂದು ಈ ಮಾತು ಬರೆಯುತ್ತಿದ್ದೇನೆ ಎಂದು ಗೊತ್ತಾದರೆ ಮರುದಿನವೇ ಮನೆಗೆ ಕಳಿಸುತ್ತಾರೆ.

ನಿನ್ನ ಆಪಾ
ಹಜರಾಬೀ


ಯಾದಗಿರಿ
27 ಜುಲೈ 1998

ಪ್ರೀತಿಯ ಆಪಾಳಿಗೆ ಸಲಾಂ.

ಅಮ್ಮಿಯ ಮೊಣಕಾಲು ಈಗ ಪರವಾಗಿಲ್ಲ. ಮೊದಲು ಅದನ್ನೇ ಬರೆದಿದ್ದೇನೆ, ಗಮನಿಸು.

ಶಹಾಪುರದಲ್ಲಿ ಸಂತೆಯ ದಿನ ಆಟೋ ನಿಲ್ಲಿಸಿ ಓದಿದೆ. ಮಲಗಿದ ಬುದ್ಧನ ಹಾಗೆ ಕಾಣುವ ಅಲ್ಲಿನ ಬೆಟ್ಟವೂ ಎದ್ದು ಕೂರಬೇಕಿತ್ತು, ಅಷ್ಟು ನಗು. ಬೀಗರ ಮನೆ ಎಂದದ್ದೇ ತಡ, ಮೆಣಸಿನಕಾಯಿ ಮಾರುತ್ತಿದ್ದ ತಿಮ್ಮವ್ವ ಎಂಬ ಮುದುಕಿ ತಕ್ಕಡಿ ಕೆಳಗಿಟ್ಟು ಕೇಳಿದಳು: “ಹಂಗಾರ ನಮ್ಮೂರ ನೀರು ಇನ್ನಾ ಊಟಕ್ಕ ಕುಂತದೇನಪಾ?” ಇಡೀ ಸಂತೆ ಅವಳ ಕಡೆ ತಿರುಗಿತು. ನಾನು ನಗಲಿಲ್ಲ ಆಪಾ, ಆಣೆ. ತುಟಿ ಕಚ್ಚಿಕೊಂಡು ಹವಾಮಾನ ಓದಿ ಮುಗಿಸಿದೆ.

ಯಾರು ಬರೆದುಕೊಡುತ್ತಾರೆ ಎಂದು ಎಲ್ಲರೂ ಕೇಳುತ್ತಾರೆ. ತಲೆಯಲ್ಲಿ ತಾನೇ ಬರುತ್ತದೆ ಎಂದು ಹೇಳಿಬಿಡುತ್ತೇನೆ. ಈಗಂತೂ ಕೆಲವರು ನಮಸ್ಕಾರ ಮಾಡುತ್ತಾರೆ, ಚಹಾಕ್ಕೆ ಕಾಸು ತೆಗೆದುಕೊಳ್ಳುವುದಿಲ್ಲ. ನಮಸ್ಕಾರದಲ್ಲಿ ಅರ್ಧ ನಿನ್ನದು ಎಂದು ಮನಸ್ಸಿನಲ್ಲೇ ಪಾಲು ಮಾಡಿಕೊಳ್ಳುತ್ತೇನೆ. ಚಹಾದಲ್ಲಿ ಪಾಲು ಕೊಡಲಾಗುವುದಿಲ್ಲ, ಆರಿಹೋಗುತ್ತದೆ.

ಬೇಗ ಇನ್ನೊಂದು ಕಳಿಸು. ದೊಡ್ಡದು ಏನಾದರೂ ಬೇಕು. ಜನ ಕಾಯುತ್ತಿದ್ದಾರೆ.

ನಸೀರ


ತಿಂಥಣಿ
20 ಆಗಸ್ಟ್ 1998

ನಸೀರನಿಗೆ,

ದೊಡ್ಡದು ಕೇಳಿದ್ದೆ. ಅದು ತಾನಾಗಿ ಟ್ಯಾಂಕರಿನಲ್ಲಿ ಬಂತು.

ಮೊನ್ನೆ ನಮ್ಮ ಶಾಲೆಯಿಂದ ಒಂದು ಹರದಾರಿ ಆಚೆ ಹೊಸ ಕವಲುಗಾಲುವೆಗೆ ಬಾಗಿನ ಅರ್ಪಿಸುವ ಕಾರ್ಯಕ್ರಮ. ಉತ್ಸವ ಸಮಿತಿಯ ಅಧ್ಯಕ್ಷರು ನಿನಗೆ ಗೊತ್ತಿರುವ ಮಹಾದೇವಪ್ಪನವರೇ, ಮುಂದಿನ ಚುನಾವಣೆಗೆ ನಿಲ್ಲಲು ಈಗಲೇ ಬಿಳಿ ಬಟ್ಟೆ ಹೊಲಿಸಿಕೊಂಡವರು. ಮಕ್ಕಳನ್ನು ಕರೆದುಕೊಂಡು ಬಂದು ದಂಡೆಯ ಮೇಲೆ ಸಾಲಾಗಿ ನಿಲ್ಲಿಸಿ, ನೀರು ಬಂದ ಕೂಡಲೇ ಚಪ್ಪಾಳೆ ಹೊಡೆಸಬೇಕು ಎಂದು ನಮಗೆ ಆದೇಶ. ಹತ್ತಕ್ಕೆ ಬರಬೇಕಿದ್ದ ನೀರು ಹನ್ನೆರಡಾದರೂ ಇಲ್ಲ. ಮೇಲಿನ ಊರುಗಳವರು ಭತ್ತಕ್ಕೆ ಹಾಯಿಸಿಕೊಂಡಿದ್ದರು. ಆಗ ನಾಲ್ಕು ಜನ ಓಡಿಬಂದು ಕಾಲುವೆಗೆ ಅಡ್ಡಲಾಗಿ ನಲವತ್ತು ಅಡಿ ಅಂತರದಲ್ಲಿ ಎರಡು ಮಣ್ಣಿನ ಒಡ್ಡು ಹಾಕಿದರು. ಟ್ಯಾಂಕರು ಬಂತು, ನಡುವೆ ನೀರು ಸುರಿಯಿತು. ಮೀನಖಂಡದವರೆಗೆ ಬಂದಿರಬೇಕು. ಮಕ್ಕಳು ಹೇಳಿದಂತೆ ಚಪ್ಪಾಳೆ ಹೊಡೆದರು.

ಅಧ್ಯಕ್ಷ ದಂಪತಿ ಹಸಿರು ಸೀರೆ, ಕುಪ್ಪಸದ ಕಣ, ಬಳೆ, ಅರಿಶಿನ ಕುಂಕುಮ ಇಟ್ಟ ಮೊರವನ್ನು ನೀರಿಗಿಳಿಸಿ ಕೈಮುಗಿದು ವೇದಿಕೆಗೆ ಹೋದರು. ‘ಕೊನೆಯ ರೈತನಿಗೂ ನೀರು’ ಎಂದು ಭಾಷಣ ಶುರುವಾಯಿತು. ಅಷ್ಟರಲ್ಲಿ ಊರ ಹೆಣ್ಣುಮಕ್ಕಳು ಕೊಡ ಹಿಡಿದು ಇಳಿದಿದ್ದರು. ಭಾಷಣ ಮುಗಿಯುವ ಹೊತ್ತಿಗೆ ಕಾಲುವೆ ಊರಿನ ಕೊಡಗಳಲ್ಲಿತ್ತು.

ಇದು ವಾರ್ತೆ:

‘ಇಂದು ಕಾಲುವೆಗೆ ನೀರು ರಸ್ತೆಯ ಮಾರ್ಗವಾಗಿ ಆಗಮಿಸಿತು. ನಲವತ್ತು ಅಡಿ ಉದ್ದದ ಈ ಕಾಲುವೆ ಸೀಮೆಯಲ್ಲೇ ಅತ್ಯಂತ ಶಿಸ್ತಿನದ್ದಾಗಿದ್ದು, ಹಾಕಿದ ನೀರು ಹಾಕಿದಲ್ಲೇ ನಿಲ್ಲುತ್ತದೆ. ಕೊನೆಯ ರೈತನಿಗೂ ನೀರು ತಲುಪಿದೆ. ಮೊದಲ ರೈತನೂ ಕೊನೆಯ ರೈತನೂ ಅದೇ ನಲವತ್ತು ಅಡಿಯಲ್ಲಿ ನಿಂತಿದ್ದರಿಂದ ಇದು ಸಾಧ್ಯವಾಯಿತು ಎಂದು ಅಧ್ಯಕ್ಷರು ತಿಳಿಸಿದರು. ಡೀಸೆಲ್ ಇದ್ದರೆ ಮುಂದಿನ ವರ್ಷವೂ ಕಾಲುವೆ ಹರಿಯಲಿದೆ.’

ಇನ್ನೊಂದಿದೆ. ಇದು ನಿನಗೆ ಮತ್ತು ಅಮ್ಮಿಗೆ ಮಾತ್ರ, ನಕ್ಕು ಮರೆತುಬಿಡಿ. ಅಧ್ಯಕ್ಷರೂ ಕೊಡ ತುಂಬಿಕೊಂಡ ಹೆಣ್ಣುಮಕ್ಕಳೂ ಹೊರಟುಹೋದ ಮೇಲೆ ನೋಡಿದರೆ ಮೊರ ಕೆಸರಿನಲ್ಲಿ ಕೂತುಬಿಟ್ಟಿತ್ತು. ತೇಲುತ್ತಿರುವ ಬಾಗಿನದ ಫೋಟೋ ಬೇಕು ಎಂದು ಫೋಟೋದವನ ಹಟ. ನಮ್ಮ ಹೆಡ್‌ಮಾಸ್ತರರು ಪ್ಯಾಂಟು ಮಡಚಿ ಇಳಿದು, ಶಾಲೆಯ ಬ್ಯಾನರಿನ ಕೋಲಿನಿಂದ ಆ ಮೊರವನ್ನು ತಳ್ಳತೊಡಗಿದರು. ಎಮ್ಮೆಗೆ ಹೇಳುವ ಹಾಗೆ ಅದಕ್ಕೆ “ನಡೀ ನಮ್ಮವ್ವ, ಇಷ್ಟ ನಡೀ” ಎನ್ನುತ್ತಿದ್ದರು. ಮಕ್ಕಳನ್ನು ಆಗಲೇ ಊಟಕ್ಕೆ ಕಳಿಸಿದ್ದೆವು. ನೋಡಿದವರು ಆ ಫೋಟೋದವನು ಮತ್ತು ನಾವು ಐದು ಜನ ಶಿಕ್ಷಕರು. ಇದು ಮೈಕಿನಲ್ಲಿ ಬಂದರೆ ಬರೆದವರು ಯಾರೆಂದು ಹುಡುಕಲು ಪೊಲೀಸರೂ ಬೇಕಾಗುವುದಿಲ್ಲ.

ಆಪಾ


ಯಾದಗಿರಿ
3 ಸೆಪ್ಟೆಂಬರ್ 1998

ಆಪಾ,

ಇಂಥದ್ದು ಹಿಂದೆಂದೂ ಆಗಿರಲಿಲ್ಲ. ಯಾದಗಿರಿ ಸ್ಟೇಷನ್ ರಸ್ತೆಯಲ್ಲಿ ಓದಿದೆ, ಶಹಾಪುರದಲ್ಲಿ ಓದಿದೆ, ರಾಮಸಮುದ್ರದವರು ತಾವಾಗಿ ಕರೆಸಿಕೊಂಡರು. ನೀನು ಬರೆದಿದ್ದರಲ್ಲಿ ಒಂದಕ್ಷರ ಬಿಡದೆ ಓದಿದೆ. ಮತ್ತೊಮ್ಮೆ, ಮತ್ತೊಮ್ಮೆ ಎಂದು ಜನ ಆಟೋ ಬಿಡಲಿಲ್ಲ. ಕ್ಯಾಸೆಟ್ಟು ಸುರಪುರ ದಾಟಿ ಹೋಗಿದೆಯಂತೆ.

ಮಹಾದೇವಪ್ಪನವರ ಕಡೆಯವರು ಮನೆಗೆ ಬಂದಿದ್ದರು. ಕೂರಿ ಎಂದೆ, ಕೂರಲಿಲ್ಲ. ಎಂಟು ದಿನದಲ್ಲಿ ಅದೇ ಜಾಗ, ಅದೇ ಮೈಕಿನಲ್ಲಿ ಕ್ಷಮಾಪಣೆ ಓದಬೇಕು, ಇಲ್ಲದಿದ್ದರೆ ಆಟೋ ಯಾವ ಸಂತೆಯಲ್ಲೂ ನಿಲ್ಲುವುದಿಲ್ಲ ಎಂದರು. ಅಮ್ಮಿ ಒಳಗಿನಿಂದಲೇ ಅವರಿಗೆ ಚಹಾ ಕಳಿಸಿದಳು, ಸಕ್ಕರೆ ಹಾಕದೆ. ಮರೆತದ್ದಲ್ಲ ಎಂದು ಆಮೇಲೆ ಹೇಳಿದಳು.

ನನಗೆ ಹೆದರಿಕೆಯಿಲ್ಲ, ಆದರೆ ಆಟೋ ನಿಂತರೆ ಕಷ್ಟ. ಕ್ಷಮಾಪಣೆ ಕೇಳಿಬಿಡುತ್ತೇನೆ. ನೀನೇ ಬರೆದುಕೊಡು, ನನಗೆ ಆ ಭಾಷೆ ಬರುವುದಿಲ್ಲ.

ನಸೀರ


ತಿಂಥಣಿ
8 ಸೆಪ್ಟೆಂಬರ್ 1998

ನಸೀರನಿಗೆ,

ಕ್ಷಮಾಪಣೆ ಕೇಳುವುದು ಒಳ್ಳೆಯ ಗುಣ. ಬರೆಯುತ್ತ ನನಗೇ ನಗು ತಡೆಯಲಾಗಲಿಲ್ಲ. ಮನೆಯ ಒಡತಿ ದೇವಕಮ್ಮ ಬಾಗಿಲು ತಟ್ಟಿ, ಟೀಚರಮ್ಮ ಒಬ್ಬಳೇ ಯಾಕೆ ನಗುತ್ತಿದ್ದಾಳೆ ಎಂದು ನೋಡಿಹೋದಳು.

‘ಮಾನ್ಯ ಅಧ್ಯಕ್ಷರ ಮನಸ್ಸಿಗೆ ನೋವಾಗಿದ್ದಕ್ಕೆ ಈ ವಾರ್ತಾ ವಿಭಾಗ ತಲೆಬಾಗಿ ಕ್ಷಮೆ ಕೇಳುತ್ತದೆ. ಟ್ಯಾಂಕರು ಕಾಲುವೆಗೆ ನೀರು ತಂದಿತ್ತು ಎಂದು ಹೇಳಿದ್ದು ಶುದ್ಧ ತಪ್ಪು. ಟ್ಯಾಂಕರು ಬಾಯಾರಿ ಬಂದಿತ್ತು, ಕಾಲುವೆಯ ನೀರು ಕುಡಿಯಲು ಬಂದಿತ್ತು. ಡ್ರೈವರು ಗಡಿಬಿಡಿಯಲ್ಲಿ ಪೈಪನ್ನು ಉಲ್ಟಾ ಹಿಡಿದದ್ದರಿಂದ ಅನರ್ಥವಾಯಿತು. ಕಾಲುವೆ ನಲವತ್ತು ಅಡಿ ಎಂದದ್ದೂ ತಪ್ಪು. ನಮ್ಮವರು ಹೋಗಿ ಅಳೆದು ಬಂದಿದ್ದಾರೆ, ಮೂವತ್ತೆಂಟು ಅಡಿ. ಎರಡು ಅಡಿ ಹೆಚ್ಚಿಗೆ ಹೇಳಿ ಅಧ್ಯಕ್ಷರನ್ನು ಹೊಗಳಿದ್ದಕ್ಕೆ ಜನರ ಕ್ಷಮೆಯನ್ನೂ ಕೇಳುತ್ತೇವೆ.’

ಕೈಮುಗಿದು ಓದು. ಕಣ್ಣಲ್ಲಿ ನೀರಿದ್ದರೆ ಇನ್ನೂ ಒಳ್ಳೆಯದು.

ಆಪಾ


ಯಾದಗಿರಿ
14 ಅಕ್ಟೋಬರ್ 1998

ಪ್ರೀತಿಯ ಆಪಾಳಿಗೆ,

ಒಂದು ತಿಂಗಳಾಯಿತು, ನಿನ್ನ ಕಾಗದವಿಲ್ಲ. ಪರೀಕ್ಷೆಯ ಕೆಲಸವಿರಬೇಕು ಎಂದುಕೊಂಡಿದ್ದೇನೆ.

ಕ್ಷಮಾಪಣೆ ಓದಿದ ದಿನ ಮಹಾದೇವಪ್ಪನವರ ಕಡೆಯವರೇ ಮುಖ ತಿರುಗಿಸಿಕೊಂಡು ನಕ್ಕರು. ಆಮೇಲೆ ಮಾತ್ರ ಅವರು ಬೇರೆ ದಾರಿ ಹಿಡಿದರು. ಇದನ್ನು ಯಾವುದೋ ಶಿಕ್ಷಕಿ ಬರೆದುಕೊಡುತ್ತಿದ್ದಾಳೆ ಎಂದು ಇಲಾಖೆಗೆ ದೂರು ಹಾಕಿದ್ದಾರೆ. ನನ್ನನ್ನು ಕರೆಸಿ ಕೇಳಿದರು. ನಾನೇನು ಕಡಿಮೆಯೇ? ನೋಟರಿಯ ಹತ್ತಿರ ಹೋಗಿ ಛಾಪಾ ಕಾಗದದ ಮೇಲೆ ಬರೆದುಕೊಟ್ಟು ಬಂದೆ: ಉಲ್ಟಾ ವಾರ್ತೆಯ ಪ್ರತಿ ಅಕ್ಷರವೂ ನನ್ನದು, ನನಗೆ ಯಾರೂ ಹೇಳಿಕೊಟ್ಟಿಲ್ಲ, ಬರೆದುಕೊಟ್ಟಿಲ್ಲ. ಗುಲ್ಬರ್ಗದ ಒಂದು ಪತ್ರಿಕೆಯವರು ಅದನ್ನು ನನ್ನ ಫೋಟೋ ಸಮೇತ ಹಾಕಿದ್ದಾರೆ. ಅಮ್ಮಿ ಗೋಡೆಗೆ ಅಂಟಿಸಲು ಬಿಡಲಿಲ್ಲ. ಯಾಕೋ ತಿಳಿಯಲಿಲ್ಲ.

ಒಟ್ಟಿನಲ್ಲಿ ಈಗ ನೀನು ನಿಶ್ಚಿಂತೆಯಿಂದ ಇರಬಹುದು. ನಿನಗೆ ಪುರುಸೊತ್ತಿಲ್ಲ ಎಂದು ಈಚೆಗೆ ನಾನೇ ಬರೆದುಕೊಳ್ಳುತ್ತಿದ್ದೇನೆ. ಚೆನ್ನಾಗಿಯೇ ನಡೆದಿದೆ.

ನಸೀರ


ತಿಂಥಣಿ
2 ನವೆಂಬರ್ 1998

ನಸೀರುದ್ದೀನ,

ಪತ್ರಿಕೆ ನೋಡಿದೆ. ದೇವಕಮ್ಮನ ಮನೆಗೆ ಬೆಲ್ಲ ಕಟ್ಟಿಕೊಂಡು ಬಂದ ಹಾಳೆ. ‘ಪ್ರತಿ ಅಕ್ಷರವೂ ನನ್ನದು’ ಎಂದು ದಪ್ಪ ಅಕ್ಷರದಲ್ಲಿ ಹಾಕಿದ್ದಾರೆ. ಫೋಟೋದಲ್ಲಿ ನೀನು ನಗುತ್ತಿದ್ದೀಯ.

ಅಬ್ಬಾನಿಗೆ ಓದು ಬರುತ್ತಿರಲಿಲ್ಲ. ಸ್ಟೇಷನ್ನಿನ ಎದುರಿನ ಸೈಕಲ್ ಅಂಗಡಿಯಲ್ಲಿ ದಿನಾ ಸಂಜೆ ಪೇಪರು ಓದಿ ಹೇಳುತ್ತಿದ್ದವಳು ನಾನು. ಪಂಕ್ಚರ್ ಹಾಕಿಸಲು ಬಂದವರೂ ಕೂತು ಕೇಳುತ್ತಿದ್ದರು. ಕೊನೆಗೆ ನಾನೇ ಕಟ್ಟಿದ ಒಂದು ಸುಳ್ಳು ಸುದ್ದಿಯನ್ನು ಅದೇ ದನಿಯಲ್ಲಿ ಸೇರಿಸುತ್ತಿದ್ದೆ. ಯಾವುದು ಸುಳ್ಳು ಎಂದು ಅವರು ಕಂಡುಹಿಡಿಯಬೇಕು. ರಾಜಾಸಾಬನ ಮಗಳು ಗಂಡಾಗಿದ್ದರೆ ಊರು ಆಳುತ್ತಿದ್ದಳು ಎಂದು ಅವರು ನಗುತ್ತಿದ್ದರು. ಹನ್ನೆರಡು ತುಂಬಿದ ಮೇಲೆ ಅಂಗಡಿಗೆ ಬರುವುದು ಬೇಡ ಎಂದಾಯಿತು. ಬಾಯಿ ಮುಚ್ಚಿದೆ, ಬರೆಯುವುದನ್ನು ಮಾತ್ರ ಬಿಡಲಿಲ್ಲ.

ನನ್ನನ್ನು ಕಾಪಾಡಿದೆ ಎಂದು ನೀನು ತಿಳಿದಿದ್ದೀಯ. ಕಾಪಾಡುವ ಮೊದಲು ಒಂದು ಮಾತು ಕೇಳಬಹುದಿತ್ತು. ನಾನು ಮರೆಯಲ್ಲಿರಲು ಒಪ್ಪಿದ್ದೆ, ಎರಡು ವರ್ಷ ಇದ್ದೆ. ನಾನು ಇಲ್ಲವೇ ಇಲ್ಲ ಎಂದು ಛಾಪಾ ಕಾಗದದ ಮೇಲೆ ಬರೆಯಲು ಒಪ್ಪಿರಲಿಲ್ಲ. ನನಗೆ ಬಹಳ ನೋವಾಗಿದೆ. ಇನ್ನು ಇಲ್ಲಿಂದ ಏನೂ ಬರುವುದಿಲ್ಲ. ಎಲ್ಲ ನಿನ್ನದೇ ಎಂದ ಮೇಲೆ ನೀನೇ ಬರೆದುಕೋ.

ಅಮ್ಮಿಗೆ ಸಲಾಂ ಹೇಳು.

ಹಜರಾಬೀ


ಯಾದಗಿರಿ
9 ನವೆಂಬರ್ 1998

ಆಪಾ,

ಮೂರು ಸಲ ಬರೆದು ಹರಿದಿದ್ದೇನೆ. ಇದು ನಾಲ್ಕನೆಯದು, ಇದನ್ನು ಹರಿಯುವುದಿಲ್ಲ.

ಚೆನ್ನಾಗಿ ನಡೆದಿದೆ ಎಂದು ಬರೆದದ್ದು ಸುಳ್ಳು. ಸುರಪುರದಲ್ಲಿ ನಾನೇ ಬರೆದದ್ದನ್ನು ಓದಿದೆ. ಮತ್ತೆ ಆ ಹೊಟ್ಟೆಯ ಮಾತೇ. ಒಬ್ಬರೂ ನಗಲಿಲ್ಲ. ಆಟೋದ ಪಕ್ಕ ನಿಂತಿದ್ದ ಒಬ್ಬ ಹಿರಿಯರು ನನ್ನ ಹೆಗಲ ಮೇಲೆ ಕೈಯಿಟ್ಟು ಹೇಳಿದರು: “ತಮ್ಮಾ, ಆವತ್ತಿನಂಗ ಇಲ್ಲಪಾ. ಬರಿಯೋರು ಊರಿಗಿ ಹೋಗ್ಯಾರೇನು?” ಸಂತೆಯವರಿಗೆ ಗೊತ್ತಿರುವುದನ್ನು ನಾನು ನೋಟರಿಯ ಮುಂದೆ ಇಲ್ಲ ಎಂದು ಬಂದಿದ್ದೆ.

ಇನ್ನೂ ಒಂದಿದೆ. ಹೆಡ್‌ಮಾಸ್ತರರು ಮೊರ ತಳ್ಳಿದ್ದನ್ನು ನಾನು ಓದಿಬಿಟ್ಟೆ. ಬೇಡ ಎಂದು ನೀನು ಬರೆದಿದ್ದೆ, ಆ ಸಾಲು ಕಣ್ಣಮುಂದೆಯೇ ಇತ್ತು. ಜನ ಮತ್ತೊಮ್ಮೆ ಎಂದು ಕೂಗುತ್ತಿದ್ದರು, ಹೊಸದೇನಾದರೂ ಕೊಡಬೇಕೆನಿಸಿತು, ಬಾಯಿಗೆ ಬಂತು. ಅದೇ ಕ್ಯಾಸೆಟ್ಟಿಗೂ ಹೋಯಿತು. ಶಿಕ್ಷಕಿ ಎಂದು ಅವರಿಗೆ ಸುಳಿವು ಸಿಕ್ಕಿದ್ದು ಅದರಿಂದಲೇ. ಮಾಡಿದ್ದನ್ನು ಮುಚ್ಚಲು ನೋಟರಿಯ ಹತ್ತಿರ ಓಡಿದೆ. ನಿನ್ನ ನೌಕರಿ ನನ್ನ ಬಾಯಿಂದ ಹೋದರೆ ಅಮ್ಮಿಗೆ ಹೇಗೆ ಮುಖ ತೋರಿಸಲಿ ಎಂದು ಹೆದರಿದ್ದೆ. ಫೋಟೋ ತೆಗೆಯುವಾಗ ಖುಷಿಯೂ ಆಗಿತ್ತು, ಅದನ್ನೂ ಹೇಳಿಬಿಡುತ್ತೇನೆ.

ತಪ್ಪಾಯಿತು ಆಪಾ. ಬರೆದುಕೊಟ್ಟದ್ದು ಸುಳ್ಳು ಎಂದು ಹೋಗಿ ಹೇಳು ಎಂದರೆ ನಾಳೆಯೇ ಹೇಳುತ್ತೇನೆ. ಆದರೆ ಹಾಗೆ ಹೇಳಿದ ಕ್ಷಣ ನಿನ್ನ ನೌಕರಿ ಹೋಗುತ್ತದೆ. ಸುಮ್ಮನಿರು ಎಂದರೆ ಆಯುಷ್ಯಪೂರ್ತಿ ಸುಮ್ಮನಿರುತ್ತೇನೆ. ನೀನೇ ಹೇಳು.

ನಿನ್ನ ತಮ್ಮ
ನಸೀರ


ತಿಂಥಣಿ
7 ಡಿಸೆಂಬರ್ 1998

ತಮ್ಮ ನಸೀರನಿಗೆ,

ನಿನಗೆ ಉತ್ತರ ಬರೆಯಲು ತಡಮಾಡಿದ್ದಕ್ಕೆ ಕಾರಣವಿತ್ತು. ನಾನೂ ನಿನ್ನಿಂದ ಒಂದನ್ನು ಮುಚ್ಚಿಟ್ಟಿದ್ದೆ. ಇಲಾಖೆಯ ನೋಟಿಸು ನನಗೆ ಸೆಪ್ಟೆಂಬರ್ ಇಪ್ಪತ್ತೆರಡಕ್ಕೇ ಬಂದಿತ್ತು. ಹೆಡ್‌ಮಾಸ್ತರರು ಕ್ಯಾಸೆಟ್ಟು ಕೇಳಿ, “ನಡೀ ನಮ್ಮವ್ವ” ಎಂಬಲ್ಲಿಗೆ ಬಂದಾಗ ಟೇಪನ್ನು ನಿಲ್ಲಿಸಿದರಂತೆ. ಐದು ಜನರಲ್ಲಿ ಮೈಕಿನ ತಮ್ಮನಿರುವವಳು ನಾನೊಬ್ಬಳೇ. ನೀನು ಓದಿಬಿಟ್ಟಿದ್ದೀಯ ಎಂದು ನನಗೆ ಆಗಲೇ ತಿಳಿದಿತ್ತು. ನೀನಾಗಿ ಹೇಳುತ್ತೀಯೋ ಇಲ್ಲವೋ ನೋಡೋಣ ಎಂದು ಕಾಯುತ್ತಿದ್ದೆ. ಹೇಳಿದೆ. ಆ ಸಿಟ್ಟು ಅಲ್ಲಿಗೆ ಮುಗಿಯಿತು.

ಗುರುವಾರ ವಿಚಾರಣೆ ಆಯಿತು. ಸುರಪುರದಿಂದ ಅಂಬ್ರಪ್ಪ ಎಂಬ ಅಧಿಕಾರಿ ಬಂದಿದ್ದರು. ನಾಲ್ಕನೇ ತರಗತಿಯಲ್ಲಿ ಮೇಜು ಹಾಕಿಸಿದರು. ಒಂದು ಕಡೆ ಹೆಡ್‌ಮಾಸ್ತರರು, ಇನ್ನೊಂದು ಕಡೆ ನಾನು. ಒಳ್ಳೆಯ ಮನುಷ್ಯ ಅಂಬ್ರಪ್ಪನವರು, ಕೆಡುಕು ಮಾಡಲು ಬಂದವರಲ್ಲ. ನಿನ್ನ ಛಾಪಾ ಕಾಗದದ ಪ್ರತಿ ಅವರ ಮುಂದಿತ್ತು. ಅದನ್ನು ನನ್ನ ಕಡೆ ಸರಿಸಿ, ಪೆನ್ನನ್ನೂ ಕೊಟ್ಟರು.

“ನಿಮ್ಮ ತಮ್ಮ ಎಲ್ಲಾ ತನ್ನದೇ ಅಂತ ಬರ್ದು ಕೊಟ್ಟಾನ್ರಿ. ನನಗೇನೂ ಗೊತ್ತಿಲ್ಲಂತ ನೀವು ಕೆಳಗ ಒಂದ್ ಸಹಿ ಮಾಡ್ರಿ, ನಾಳಿ ಸಾಲಿಗಿ ಬರ್ರಿ. ಇದು ಇಲ್ಲಿಗೇ ಮುಗೀತು.”

ಸಹಿ ಹಾಕಿದ್ದರೆ ಮುಗಿಯುತ್ತಿತ್ತು. ಹನ್ನೆರಡು ವರ್ಷದ ನೌಕರಿ ಉಳಿಯುತ್ತಿತ್ತು. ಸುಳ್ಳು ಹೇಳಬೇಕಾಗಿರಲಿಲ್ಲ, ಸುಳ್ಳನ್ನು ನೀನು ಆಗಲೇ ಹೇಳಿದ್ದೆ, ನಾನು ಕೆಳಗೆ ಹೆಸರು ಬರೆದರೆ ಸಾಕಿತ್ತು. ಪೆನ್ನು ಹಿಡಿದೆ, ನಿಜ ಹೇಳುತ್ತೇನೆ.

ಆಮೇಲೆ ಒಂದು ವಿನಂತಿ ಮಾಡಿದೆ. ಸಹಿ ಹಾಕುವ ಮೊದಲು ಆರೋಪ ಏನೆಂದು ತಿಳಿಯಬೇಕಲ್ಲ, ಆ ವಾರ್ತೆಯನ್ನು ಒಮ್ಮೆ ಓದಿ ಎಂದೆ. ಅವರು ಕಡತದಿಂದ ಹಾಳೆ ತೆಗೆದು ಸರ್ಕಾರಿ ದನಿಯಲ್ಲಿ ಓದಿದರು. ನಿನಗಿಂತ ಚೆನ್ನಾಗಿ ಓದಿದರು, ಬೇಜಾರಾಗಬೇಡ. ನೀರು ರಸ್ತೆಯ ಮಾರ್ಗವಾಗಿ ಬಂದಲ್ಲಿ ಅವರ ತುಟಿ ಬಿಗಿಯಿತು. ಡೀಸೆಲ್ ಎಂಬಲ್ಲಿ ಕೆಮ್ಮಿದರು. ಮೊರ ತಳ್ಳುವ ಸಾಲಿಗೆ ಬಂದಾಗ ತಲೆಯೆತ್ತಿ ಹೆಡ್‌ಮಾಸ್ತರರನ್ನು ನೋಡಿದರು, ಹಾಳೆಯನ್ನು ಮುಖಕ್ಕೆ ಹಿಡಿದರು, ಭುಜ ಕುಲುಕಿತು. ಕಣ್ಣು ಒರೆಸಿಕೊಳ್ಳಲು ಕರವಸ್ತ್ರ ತೆಗೆಯಬೇಕಾಯಿತು. ನಸೀರ, ನೀನು ಎಷ್ಟೋ ಸಂತೆಗಳಲ್ಲಿ ಕೇಳಿರುವ ನಗೆಯನ್ನು ನಾನು ಅಂಗಡಿ ಬಿಟ್ಟ ಮೇಲೆ ಮೊದಲ ಸಲ ನನ್ನ ಎದುರಿಗೆ ಕೇಳಿದೆ. ಅದು ನನ್ನಿಂದ ಬಂದ ನಗೆ. ಅದನ್ನು ಇನ್ನೊಬ್ಬರದ್ದು ಎಂದು ಸಹಿ ಹಾಕಿ ಕೊಡಲು ನನ್ನಿಂದ ಆಗಲಿಲ್ಲ. ಪೆನ್ನನ್ನು ಮೇಜಿನ ಮೇಲಿಟ್ಟೆ.

“ಅದು ನಂದ್ರಿ ಸಾಹೇಬ್ರ. ಎಲ್ಲಾ ಸಾಲೂ ನಾನೇ ಬರ್ದೀನಿ. ಅಂವ ಬರೇ ಓದ್ಯಾನ.”

ಅಂಬ್ರಪ್ಪನವರ ನಗು ನಿಂತಿತು. ಇನ್ನೊಮ್ಮೆ ಯೋಚಿಸಿ ಎಂದರು. ಎರಡು ವರ್ಷ ಯೋಚಿಸಿದ್ದೇನೆ ಎಂದೆ. ನಾನಿಟ್ಟ ಪೆನ್ನನ್ನು ಎತ್ತಿಕೊಂಡು ಬರೆದುಕೊಂಡರು. ಹೊರಡುವಾಗ ಬಾಗಿಲಲ್ಲಿ ನಿಂತು, ಆ ಕ್ಷಮಾಪಣೆಯೂ ನಿಮ್ಮದೇನಾ ಎಂದು ಮೆಲ್ಲಗೆ ಕೇಳಿದರು. ಹೌದು ಎಂದೆ. ತಲೆಯಾಡಿಸಿ ಜೀಪು ಹತ್ತಿದರು.

ಶನಿವಾರ ಆದೇಶ ಬಂತು. ಅಮಾನತು. ಮುಂದಿನ ಆದೇಶದವರೆಗೆ ಅನುಮತಿಯಿಲ್ಲದೆ ತಿಂಥಣಿ ಬಿಟ್ಟು ಹೋಗುವಂತಿಲ್ಲ. ಹೆಡ್‌ಮಾಸ್ತರರೇ ತಂದುಕೊಟ್ಟರು. ಅವರ ಮುಖದಲ್ಲಿ ಗೆದ್ದ ಕಳೆಯಿರಲಿಲ್ಲ. ಮಕ್ಕಳು ಅವರ ಬೆನ್ನ ಹಿಂದೆ ಈಗಲೂ ಮೊರ ತಳ್ಳುತ್ತಾರಂತೆ. ಪಾಪ ಎನಿಸಿತು, ನನ್ನ ಸಾಲು ಅವರಿಗೆ ಬಡಿದದ್ದು ನಿಜ. ಒಳಗೆ ಕರೆದು ಚಹಾ ಕೊಟ್ಟೆ, ಸಕ್ಕರೆ ಹಾಕಿಯೇ.

ಹೆದರಿಕೆಯಿಲ್ಲವೇ ಎಂದು ನೀನು ಕೇಳುತ್ತೀಯ. ಇದೆ. ಮಕ್ಕಳ ನೆನಪಾದರೆ ಅಳುವೂ ಬರುತ್ತದೆ. ಇವತ್ತು ಬೆಳಿಗ್ಗೆ ಶಾಲೆಯ ಗಂಟೆ ಬಾರಿಸಿದಾಗ ಕಾಲು ತಾನೇ ಚಪ್ಪಲಿ ಹುಡುಕಿತು. ಆದರೂ ಅಮ್ಮಿಗೆ ಹೇಳು, ನಾನು ಹೊಟ್ಟೆತುಂಬ ಉಂಡು ನಿದ್ದೆ ಮಾಡುತ್ತಿದ್ದೇನೆ. ಮೇಲ್ಮನವಿ ಹಾಕುತ್ತೇನೆ, ನಡೆಸುತ್ತೇನೆ. ಅದು ಬೇರೆ ಕೆಲಸ.

ಈಗ ಈ ಕೆಲಸ ಕೇಳು. ಆದೇಶವನ್ನು ಮೂರು ಸಲ ಓದಿದೆ. ನಾನು ಊರು ದಾಟಬಾರದು ಎಂದಿದೆ, ಆಟೋ ಊರಿಗೆ ಬರಬಾರದು ಎಂದು ಎಲ್ಲೂ ಇಲ್ಲ. ಬರುವ ಭಾನುವಾರ ಅಮ್ಮಿಯನ್ನು ಕೂರಿಸಿಕೊಂಡು ಬಾ, ಹಾದಿಯಲ್ಲಿ ಗುಂಡಿ ಬಹಳ, ಮೆಲ್ಲಗೆ ನಡೆಸು. ಮೌನೇಶ್ವರ ಗುಡಿಯ ಆಚೆ, ಹೊಳೆಯ ಬದಿಯ ಬಯಲಿನಲ್ಲಿ ಆಟೋ ನಿಲ್ಲಿಸು. ದೇವಕಮ್ಮ ನಾಲ್ಕು ಊರಿಗೆ ಸುದ್ದಿ ಮುಟ್ಟಿಸಿದ್ದಾಳೆ. ಬರೆದು ಮುಗಿಸಿದ್ದೇನೆ, ಏಳು ಪುಟ. ನಿನಗೆ ಕಳಿಸುವುದಿಲ್ಲ. ನೀನು ವೈರುಗಳನ್ನು ನೋಡಿಕೋ, ಮೈಕಿನ ಕಂಬವನ್ನು ನನ್ನ ಎತ್ತರಕ್ಕೆ ಇಳಿಸಿಡು. ಇದನ್ನೆಲ್ಲ ಬರೆದವರು ಯಾರೆಂದು ಜನ ಕೇಳಿದರೆ ಈ ಸಲ ನೀನು ಏನೂ ಹೇಳಬೇಕಾಗಿಲ್ಲ, ಓದುತ್ತ ನಿಂತವಳನ್ನು ತೋರಿಸಿದರೆ ಸಾಕು.

ನಿನ್ನ ಆಪಾ
ಹಜರಾಬೀ